ಸ್ಟೇನ್‌ಲೆಸ್ ಸ್ಟೀಲ್ ರೇಲಿಂಗ್: ತೊಳೆಯುವುದು ಹೇಗೆ, ಕಾಪಾಡಿಕೊಳ್ಳುವುದು ಹೇಗೆ?



ಬೇ ಏರಿಯಾದಲ್ಲಿ ಮನೆ ಮಾಡಿಕೊಂಡಿರುವ ನಮ್ಮವರಲ್ಲಿ ಅನೇಕರು ಡೆಕ್ಕಿಗೆ, ಬಾಲ್ಕನಿಗೆ, ಮೆಟ್ಟಿಲಿಗೆ ಸ್ಟೇನ್‌ಲೆಸ್ ಸ್ಟೀಲ್ ರೇಲಿಂಗ್ ಹಾಕಿಸಿಕೊಂಡಿದ್ದಾರೆ. ಹಾಕಿಸುವಾಗ ಎಲ್ಲರೂ ಹೇಳುವ ಕಾರಣ ಒಂದೇ. ಮರವಾದರೆ ಆಗಾಗ ಬಣ್ಣ ಹೊಡೆಯಬೇಕು, ಸ್ಟೀಲಾದರೆ ಏನೂ ಮಾಡಬೇಕಾಗಿಲ್ಲ. ನಾವೂ ಹಾಗೆಯೇ ತಿಳಿದಿದ್ದೆವು. ಮಿಲ್ಪಿಟಾಸಿನ ನಮ್ಮ ಹಳೆಯ ಮನೆಯಲ್ಲಿ ಅದು ನಿಜವೂ ಆಗಿತ್ತು. ಪೆಸಿಫಿಕಾಕ್ಕೆ ಮನೆ ಬದಲಾಯಿಸಿದ ಮೊದಲನೆಯ ವರ್ಷವೇ ಆ ನಂಬಿಕೆ ಸುಳ್ಳಾಯಿತು. ಮೇ ತಿಂಗಳಲ್ಲಿ ಹೊಳೆಯುತ್ತಿದ್ದ ರೇಲಿಂಗಿನ ಮೇಲೆ ಅಕ್ಟೋಬರ್ ಹೊತ್ತಿಗೆ ಕಂದು ಬಣ್ಣದ ಕಲೆಗಳು. ಯಾರೋ ಚಹಾ ಚೆಲ್ಲಿ ಒರೆಸದೆ ಬಿಟ್ಟ ಹಾಗೆ ಕಾಣುತ್ತಿತ್ತು.

ದೀಪಾವಳಿಗೆ ನೆಂಟರು ಬರುವವರಿದ್ದರು. ಒಂದು ಶನಿವಾರ ಪೂರ್ತಿ ಕುಳಿತು ಪಾತ್ರೆ ಉಜ್ಜುವ ಸ್ಟೀಲ್ ನಾರಿನಿಂದ ಚೆನ್ನಾಗಿ ತಿಕ್ಕಿದೆವು. ಹಬ್ಬದ ದಿನ ಕನ್ನಡಿಯಂತೆ ಇತ್ತು. ಎರಡು ವಾರ ಕಳೆಯುವಷ್ಟರಲ್ಲಿ ರೇಲಿಂಗಿನ ಉದ್ದಕ್ಕೂ ಕಿತ್ತಳೆ ಬಣ್ಣದ ಚುಕ್ಕೆಗಳು ಎದ್ದವು. ಮೊದಲಿಗಿಂತ ಕೆಟ್ಟದಾಯಿತು. ಆಮೇಲೆ ಅದನ್ನು ಸರಿಪಡಿಸಲು ಹೋದಾಗ ಇನ್ನೂ ದೊಡ್ಡ ಸಂಗತಿ ತಿಳಿಯಿತು. ಅದನ್ನು ಮುಂದೆ ಹೇಳುತ್ತೇವೆ. ನಮ್ಮ ಹಾಗೆ ಬೇರೆಯವರು ತಪ್ಪು ಮಾಡದಿರಲಿ ಎಂದು ಆಗ ಓದಿ ತಿಳಿದದ್ದನ್ನೂ ಮಾಡಿ ಕಲಿತದ್ದನ್ನೂ ಇಲ್ಲಿ ಒಟ್ಟಿಗೆ ಕೊಡುತ್ತಿದ್ದೇವೆ.

ಸ್ಟೇನ್‌ಲೆಸ್ ಎಂದರೆ ಏನು?

ಸ್ಟೇನ್‌ಲೆಸ್ ಸ್ಟೀಲ್ ಕೂಡ ಮೂಲತಃ ಕಬ್ಬಿಣವೇ. ಅದಕ್ಕೆ ಕನಿಷ್ಠ 10.5 ಶೇಕಡಾ ಕ್ರೋಮಿಯಂ ಬೆರೆಸಿರುತ್ತಾರೆ. ಈ ಕ್ರೋಮಿಯಂ ಗಾಳಿಯ ಆಮ್ಲಜನಕದೊಡನೆ ಸೇರಿ ಲೋಹದ ಮೇಲೆ ಕಣ್ಣಿಗೆ ಕಾಣದ ಒಂದು ಪದರ ಕಟ್ಟುತ್ತದೆ. ಅದರ ದಪ್ಪ ಕೆಲವೇ ನ್ಯಾನೋಮೀಟರ್. ಒಳಗಿನ ಕಬ್ಬಿಣವನ್ನು ಕಾಯುವುದು ಈ ಪದರವೇ. ಗೀರು ಬಿದ್ದರೆ ಗಾಳಿ ತಗುಲಿ ಪದರ ತಾನಾಗಿಯೇ ಮತ್ತೆ ಬೆಳೆಯುತ್ತದೆ. ಬಣ್ಣಕ್ಕೂ ಇದಕ್ಕೂ ಇರುವ ವ್ಯತ್ಯಾಸ ಇದೇ. ಬಣ್ಣ ಕಿತ್ತುಹೋದರೆ ಮತ್ತೆ ಬರುವುದಿಲ್ಲ.

ಈ ಲೋಹವನ್ನು ಜನಪ್ರಿಯಗೊಳಿಸಿದವರಲ್ಲಿ ಮುಖ್ಯರು ಇಂಗ್ಲೆಂಡಿನ ಶೆಫೀಲ್ಡಿನ ಹ್ಯಾರಿ ಬ್ರಿಯರ್ಲಿ. ಅವರು 1913ರಲ್ಲಿ ಇದನ್ನು ತಯಾರಿಸಿದರು. ನಮ್ಮ ಮನೆಗಳಲ್ಲಿ ಅಜ್ಜಿಯರ ಕಾಲದ ಹಿತ್ತಾಳೆ, ತಾಮ್ರದ ಪಾತ್ರೆಗಳನ್ನು ಅಟ್ಟಕ್ಕೆ ಹತ್ತಿಸಿದ್ದು ಇದೇ ಲೋಹ. ಪಾತ್ರೆಯ ತಳದಲ್ಲಿ 18/8 ಎಂದು ಅಚ್ಚು ಹಾಕಿರುವುದನ್ನು ನೀವು ನೋಡಿರಬಹುದು. ಅಂದರೆ 18 ಶೇಕಡಾ ಕ್ರೋಮಿಯಂ, 8 ಶೇಕಡಾ ನಿಕ್ಕಲ್. ರೇಲಿಂಗ್ ಮಾರುವವರು 304 ಎಂದು ಕರೆಯುವುದು ಇದೇ ಜಾತಿಯ ಸ್ಟೀಲನ್ನು.

ಈ ಪದರಕ್ಕೆ ಒಬ್ಬ ಶತ್ರು ಇದ್ದಾನೆ, ಕ್ಲೋರೈಡ್. ನಾವು ದಿನಾ ತಿನ್ನುವ ಉಪ್ಪಿನಲ್ಲಿ ಇರುವುದು ಅದೇ. ಪದರದಲ್ಲಿ ಎಲ್ಲಾದರೂ ಬಲಹೀನ ಜಾಗ ಸಿಕ್ಕರೆ ಕ್ಲೋರೈಡ್ ಅಲ್ಲಿ ನುಗ್ಗಿ ಸಣ್ಣ ಗುಳಿ ತೋಡುತ್ತದೆ. ಉಪ್ಪಿನಕಾಯಿಯನ್ನು ಸ್ಟೀಲ್ ಡಬ್ಬಿಯಲ್ಲಿ ಇಡಬೇಡ, ಭರಣಿಯಲ್ಲೇ ಇಡು ಎಂದು ಊರಿನಲ್ಲಿ ಹಿರಿಯರು ಹೇಳುತ್ತಿದ್ದರಲ್ಲ, ಅದರ ಹಿಂದಿನ ರಸಾಯನಶಾಸ್ತ್ರ ಇದು.

ಬೇ ಏರಿಯಾದಲ್ಲಿ ಏಕೆ ಹೆಚ್ಚು?

ಸಮುದ್ರದ ಅಲೆ ಒಡೆಯುವ ಕಡೆ ಉಪ್ಪಿನ ಸಣ್ಣ ಹನಿಗಳು ಗಾಳಿಗೆ ಸೇರುತ್ತವೆ. ಆ ಗಾಳಿಗೆ ಸಿಕ್ಕಿದ ಸ್ಟೀಲಿನ ಮೇಲೆ ಕಂದು ಕಲೆ ಬರುವುದಕ್ಕೆ ತಂತ್ರಜ್ಞರು "ಟೀ ಸ್ಟೇನಿಂಗ್" ಎನ್ನುತ್ತಾರೆ. ನಾವು ಚಹಾ ಕಲೆ ಎನ್ನೋಣ. ಅಲೆಗಳಿರುವ ತೀರದಿಂದ ಸುಮಾರು 5 ಕಿಲೋಮೀಟರ್, ಎಂದರೆ 3 ಮೈಲಿಯ ಒಳಗೆ ಇದು ಸಾಮಾನ್ಯ. ತೀರ ಹತ್ತಿರವಾದಷ್ಟೂ ಕಲೆ ಹೆಚ್ಚು. ಪೆಸಿಫಿಕಾ, ಡೇಲಿ ಸಿಟಿ, ಹಾಫ್ ಮೂನ್ ಬೇ, ಸ್ಯಾನ್ ಫ್ರಾನ್ಸಿಸ್ಕೋದ ಸನ್‌ಸೆಟ್, ರಿಚ್ಮಂಡ್ ಬಡಾವಣೆಗಳು ಈ ಲೆಕ್ಕಕ್ಕೆ ಬರುತ್ತವೆ. ಫಾಸ್ಟರ್ ಸಿಟಿ, ಆಲಮೀಡದಂತಹ ಕೊಲ್ಲಿಯ ದಡದ ಊರುಗಳಲ್ಲಿ ಅಲೆ ಕಡಿಮೆ, ಆದ್ದರಿಂದ ತೊಂದರೆಯೂ ಕಡಿಮೆ. ಆದರೆ ನೀರಿಗೆ ತೀರ ಹತ್ತಿರದ ಮನೆಯವರು ಗಮನಿಸಬೇಕು. ಫ್ರೀಮಾಂಟ್, ಡಬ್ಲಿನ್, ಸ್ಯಾನ್ ರಮೋನ್ ಕಡೆಯವರು ಹೆಚ್ಚು ಚಿಂತೆ ಮಾಡಬೇಕಾಗಿಲ್ಲ.

ನಮ್ಮ ಮಂಗಳೂರು, ಉಡುಪಿ, ಕಾರವಾರದಲ್ಲೂ ಸಮುದ್ರ ಇದೆಯಲ್ಲ ಎಂದು ಕೇಳಬಹುದು. ಅಲ್ಲಿಯೂ ತುಕ್ಕು ಇದೆ. ಆದರೆ ಅಲ್ಲಿ ಜೂನ್ ಬಂದರೆ ಮಳೆರಾಯ ನಾಲ್ಕು ತಿಂಗಳು ಎಲ್ಲವನ್ನೂ ತೊಳೆಯುತ್ತಾನೆ. ಇಲ್ಲಿ ಲೆಕ್ಕ ತಿರುಗುಮುರುಗು. ಮಳೆ ಬರುವುದು ಹೆಚ್ಚಾಗಿ ನವೆಂಬರಿನಿಂದ ಏಪ್ರಿಲ್ ತನಕ. ಮೇಯಿಂದ ಅಕ್ಟೋಬರ್ ತನಕ ಮಳೆ ಇಲ್ಲವೆಂದೇ ಹೇಳಬಹುದು. ಅದೇ ಕಾಲದಲ್ಲಿ ಸಮುದ್ರದಿಂದ ಮಂಜು ಒಳಗೆ ಬರುತ್ತದೆ. ಇಲ್ಲಿನವರು ಪ್ರೀತಿಯಿಂದ "ಕಾರ್ಲ್" ಎಂದು ಹೆಸರಿಟ್ಟಿರುವ ಮಂಜು ಇದೇ. ಅದು ರೇಲಿಂಗನ್ನು ಒದ್ದೆ ಮಾಡುತ್ತದೆ, ಆದರೆ ತೊಳೆಯುವುದಿಲ್ಲ. ಮಧ್ಯಾಹ್ನ ಬಿಸಿಲು ಬಂದಾಗ ನೀರು ಆರುತ್ತದೆ, ಉಪ್ಪು ಉಳಿಯುತ್ತದೆ. ರಾತ್ರಿ ಮತ್ತೆ ಮಂಜು, ಮತ್ತೆ ಒದ್ದೆ. ಹೀಗೆ ಆರು ತಿಂಗಳು ಉಪ್ಪು ಸೇರುತ್ತಲೇ ಇರುತ್ತದೆ.

ನ್ಯೂಯಾರ್ಕಿನ ಕ್ರೈಸ್ಲರ್ ಕಟ್ಟಡದ ಶಿಖರಕ್ಕೆ 1930ರಲ್ಲಿ ಹೊದಿಸಿದ ಸ್ಟೇನ್‌ಲೆಸ್ ಸ್ಟೀಲ್ ಇಂದಿಗೂ ಹೊಳೆಯುತ್ತದೆ. ಅಲ್ಲಿ ವರ್ಷದ ಎಲ್ಲ ಕಾಲದಲ್ಲೂ ಮಳೆ ಬಿದ್ದು ತೊಳೆಯುತ್ತಿರುತ್ತದೆ. ನಮ್ಮ ಡೆಕ್ಕಿಗೆ ಬೇಸಿಗೆಯಲ್ಲಿ ಆ ಸೇವೆ ಸಿಗುವುದಿಲ್ಲ. ಉಪ್ಪು ತಿಂದವನು ನೀರು ಕುಡಿಯಲೇಬೇಕು ಎಂಬ ಗಾದೆ ರೇಲಿಂಗಿಗೂ ಅನ್ವಯ. ಮಳೆ ಕೊಡದ ನೀರನ್ನು ನಾವು ಕೊಡಬೇಕು. ಈ ಲೇಖನದ ಅರ್ಧ ಸಾರ ಇಷ್ಟೇ.

ನಿಮ್ಮ ರೇಲಿಂಗ್ ಯಾವ ದರ್ಜೆಯದು?

ಮೂರು ಬಗೆ ಸಾಮಾನ್ಯವಾಗಿ ಸಿಗುತ್ತವೆ.

1. 304: ಮೇಲೆ ಹೇಳಿದ 18/8. ಒಳನಾಡಿನ ಮನೆಗಳಿಗೆ, ಮನೆಯೊಳಗಿನ ಮೆಟ್ಟಿಲಿಗೆ ಸಾಕು.

2. 316: ಇದರಲ್ಲಿ 16ರಿಂದ 18 ಶೇಕಡಾ ಕ್ರೋಮಿಯಂ, 10ರಿಂದ 14 ಶೇಕಡಾ ನಿಕ್ಕಲ್ ಜೊತೆಗೆ 2ರಿಂದ 3 ಶೇಕಡಾ ಮಾಲಿಬ್ಡಿನಂ ಇರುತ್ತದೆ. ಕ್ಲೋರೈಡನ್ನು ತಡೆಯುವ ಶಕ್ತಿ ಹೆಚ್ಚು. ಸಮುದ್ರದ ಪಕ್ಕದ ಮನೆಗೆ ಇದೇ ಬೇಕು. ಆದರೂ ತೊಳೆಯದೆ ಬಿಟ್ಟರೆ ಇದಕ್ಕೂ ಚಹಾ ಕಲೆ ಬರುತ್ತದೆ.

3. 201: ನಿಕ್ಕಲ್ ಕಡಿಮೆ ಮಾಡಿ ಮ್ಯಾಂಗನೀಸ್ ಸೇರಿಸಿದ ಅಗ್ಗದ ಸ್ಟೀಲ್. ಇಂಟರ್ನೆಟ್ಟಿನಲ್ಲಿ ಕಡಿಮೆ ಬೆಲೆಗೆ ಸಿಗುವ ರೇಲಿಂಗ್‌ಗಳಲ್ಲಿ ಇದು ಇರಬಹುದು. ಹೊರಗಡೆಗೆ ಬೇಡ.

ಅಯಸ್ಕಾಂತ ಹಿಡಿದು ನೋಡಿದರೆ ಗೊತ್ತಾಗುತ್ತದೆ ಎಂದು ಹಲವರು ಹೇಳುತ್ತಾರೆ. ಅದು ಪೂರ್ತಿ ಸರಿಯಲ್ಲ. 304, 316 ಎರಡೂ ಅಯಸ್ಕಾಂತಕ್ಕೆ ಹೆಚ್ಚುಕಡಿಮೆ ಅಂಟುವುದಿಲ್ಲ, ಆದ್ದರಿಂದ ಒಂದನ್ನು ಇನ್ನೊಂದರಿಂದ ಬೇರೆ ಮಾಡಲು ಇದು ಸಾಲದು. ಮಾಲಿಬ್ಡಿನಂ ಇದೆಯೇ ಎಂದು ತೋರಿಸುವ ಹನಿ ಪರೀಕ್ಷೆಯ ಕಿಟ್ ಸಿಗುತ್ತದೆ. ಅದಕ್ಕಿಂತ ಸುಲಭ ಎಂದರೆ ಹಾಕಿಸುವ ಮೊದಲೇ ಬಿಲ್ಲಿನಲ್ಲಿ ದರ್ಜೆಯನ್ನು ಬರೆಸಿಕೊಳ್ಳುವುದು. ಸ್ಕ್ರೂ, ಬೋಲ್ಟುಗಳ ದರ್ಜೆಯನ್ನೂ ಬರೆಸಿಕೊಳ್ಳಿ. ಇದು ಏಕೆ ಮುಖ್ಯ ಎಂದು ಕೆಳಗೆ ಹೇಳಿದ್ದೇವೆ.

ಇನ್ನೊಂದು ವಿಷಯ ಮೇಲ್ಮೈ. ನುಣುಪಾದಷ್ಟೂ ಉಪ್ಪು ನಿಲ್ಲುವುದು ಕಡಿಮೆ. ಒರಟಾಗಿ ಗೀರು ಎಳೆದ ಮೇಲ್ಮೈಯ ಸಂದುಗಳಲ್ಲಿ ಉಪ್ಪು ಕೂತು ಬಿಡುತ್ತದೆ. ನಾವು ಸ್ಟೀಲ್ ನಾರಿನಿಂದ ತಿಕ್ಕಿ ಮಾಡಿದ್ದು ಇದೇ ತಪ್ಪನ್ನು. ಅದೂ ಎರಡು ಬಗೆಯಲ್ಲಿ. ಒಂದು, ಮೇಲ್ಮೈ ಒರಟಾಯಿತು. ಎರಡು, ನಾರಿನಿಂದ ಉದುರಿದ ಸಾದಾ ಕಬ್ಬಿಣದ ಚೂರುಗಳು ರೇಲಿಂಗಿಗೆ ಅಂಟಿಕೊಂಡವು. ಎರಡು ವಾರದ ನಂತರ ತುಕ್ಕು ಹಿಡಿದದ್ದು ಆ ಚೂರುಗಳಿಗೆ.

ತೊಳೆಯುವ ಕ್ರಮ

ಬೇಕಾಗುವ ಸಾಮಾನು: ಎರಡು ಬಕೆಟ್, ಪಾತ್ರೆ ತೊಳೆಯುವ ಸಾದಾ ಲಿಕ್ವಿಡ್ ಸೋಪು, ನಾಲ್ಕೈದು ಮೈಕ್ರೋಫೈಬರ್ ಬಟ್ಟೆ, ಮೂಲೆಗಳಿಗೆ ಒಂದು ಹಳೆಯ ಹಲ್ಲುಜ್ಜುವ ಬ್ರಷ್, ಕೈಗವಸು. ಒಬ್ಬರಿಂದ ಆಗುವ ಕೆಲಸ. ಮಕ್ಕಳಿಗೂ ಒಂದು ಬಟ್ಟೆ ಕೊಟ್ಟರೆ ಬೇಗ ಮುಗಿಯುತ್ತದೆ.

1. ಮೊದಲು ಬರಿಯ ನೀರಿನಿಂದ ನೆನೆಸಿ ಧೂಳು, ಉಪ್ಪು ಇಳಿಸಿ. ಒಣ ಬಟ್ಟೆಯಿಂದ ಶುರು ಮಾಡಬೇಡಿ, ಧೂಳೇ ಮರಳು ಕಾಗದದಂತೆ ಗೀರುತ್ತದೆ.

2. ಒಂದು ಬಕೆಟ್ ಬೆಚ್ಚಗಿನ ನೀರಿಗೆ ಎರಡು ಚಮಚ ಸೋಪು ಹಾಕಿ, ಬಟ್ಟೆ ಅದ್ದಿ ಒರೆಸಿ.

3. ಸ್ಟೀಲಿನ ಮೇಲೆ ಸಣ್ಣ ಗೆರೆಗಳು ಕಾಣುತ್ತವೆ. ಆ ಗೆರೆ ಹೋಗುವ ದಿಕ್ಕಿನಲ್ಲೇ ಕೈ ಹೋಗಲಿ. ವೃತ್ತಾಕಾರವಾಗಿ ತಿಕ್ಕಬೇಡಿ.

4. ಕೈಪಿಡಿಯ ಕೆಳಭಾಗವನ್ನು ಮರೆಯಬೇಡಿ. ಮೇಲ್ಭಾಗವನ್ನು ಮಳೆಯಾದರೂ ತೊಳೆಯುತ್ತದೆ, ಕೆಳಭಾಗವನ್ನು ಯಾರೂ ತೊಳೆಯುವುದಿಲ್ಲ. ಕಲೆ ಮೊದಲು ಬರುವುದೇ ಅಲ್ಲಿ.

5. ಬೆಸುಗೆ ಹಾಕಿದ ಜಾಗ, ಸ್ಕ್ರೂ ತಲೆ, ಕಂಬದ ಬುಡದ ತಟ್ಟೆ, ಇಲ್ಲೆಲ್ಲ ಬ್ರಷ್ ಬಳಸಿ.

6. ಎರಡನೆಯ ಬಕೆಟ್ಟಿನ ಶುದ್ಧ ನೀರಿನಿಂದ ಸೋಪು ಪೂರ್ತಿ ಹೋಗುವ ಹಾಗೆ ತೊಳೆಯಿರಿ.

7. ಒಣಗಿದ ಬಟ್ಟೆಯಿಂದ ಒರೆಸಿ. ಸ್ಯಾನ್ ಹೊಸೆ, ಲಿವರ್‌ಮೋರ್, ಪ್ಲೆಸೆಂಟನ್ ಕಡೆ ಅಂತರ್ಜಲ ಸೇರಿದ ನೀರು ಗಡುಸು, ಒರೆಸದಿದ್ದರೆ ಬಿಳಿ ಚುಕ್ಕೆ ಉಳಿಯುತ್ತದೆ. ಸ್ಯಾನ್ ಫ್ರಾನ್ಸಿಸ್ಕೋಗೆ ಬರುವ ಹೆಚ್ ಹೆಚಿ ನೀರು ಮೆದು, ಅಲ್ಲಿ ಈ ತೊಂದರೆ ಕಡಿಮೆ. ಬಿಳಿ ಚುಕ್ಕೆ ಬಂದಿದ್ದರೆ ವಿನೆಗರಿಗೆ ಅಷ್ಟೇ ನೀರು ಬೆರೆಸಿ ಒರೆಸಿ, ಕೂಡಲೇ ಬರಿಯ ನೀರಿನಿಂದ ತೊಳೆಯಿರಿ.

ಬರಗಾಲದ ವರ್ಷಗಳಲ್ಲಿ ಪೈಪು ಹಿಡಿದು ತೊಳೆಯಲು ನಿರ್ಬಂಧ ಇರುತ್ತದೆ. ಮೇಲೆ ಹೇಳಿದ ಕೆಲಸಕ್ಕೆ ಎರಡು ಬಕೆಟ್ ಸಾಕು. ಕೊಳೆ ನೀರನ್ನು ರಸ್ತೆಯ ಮೋರಿಗೆ ಬಿಡಬೇಡಿ, ಆ ಮೋರಿ ಸಾಮಾನ್ಯವಾಗಿ ಶುದ್ಧೀಕರಣವಿಲ್ಲದೆ ನೇರ ಕೊಲ್ಲಿಗೆ ಹೋಗುತ್ತದೆ. ಹುಲ್ಲಿಗೋ ಮಣ್ಣಿಗೋ ಚೆಲ್ಲಿ.

ಚಹಾ ಕಲೆ ಈಗಾಗಲೇ ಬಂದಿದ್ದರೆ

ಮೊದಲು ಅಡಿಗೆ ಸೋಡಾಕ್ಕೆ ನೀರು ಹಾಕಿ ಕಲಸಿ ಮೆತ್ತಗೆ ಉಜ್ಜಿ ನೋಡಿ. ಹೋಗದಿದ್ದರೆ ಆಕ್ಸಾಲಿಕ್ ಆಮ್ಲ ಇರುವ ಕ್ಲೀನರ್ ಬಳಸಬಹುದು. ಅಂಗಡಿಗಳಲ್ಲಿ ಸಿಗುವ ಬಾರ್ ಕೀಪರ್ಸ್ ಫ್ರೆಂಡ್‌ನಲ್ಲಿ ಇರುವುದು ಇದೇ ಆಮ್ಲ. ಕೈಗವಸು ಹಾಕಿಕೊಳ್ಳಿ. ಕಾಣದ ಮೂಲೆಯಲ್ಲಿ ಮೊದಲು ಪ್ರಯೋಗ ಮಾಡಿ. ಒಂದು ನಿಮಿಷಕ್ಕಿಂತ ಹೆಚ್ಚು ಹೊತ್ತು ಬಿಡಬೇಡಿ. ಆಮೇಲೆ ಧಾರಾಳವಾಗಿ ನೀರು ಹಾಕಿ ತೊಳೆಯಿರಿ. ಸ್ಟೀಲ್ ನಾರಿನಿಂದ ಅಂಟಿದ ಕಬ್ಬಿಣದ ಚೂರುಗಳ ತುಕ್ಕೂ ನಮಗೆ ಹೋದದ್ದು ಇದರಿಂದಲೇ, ಎರಡು ವಾರಾಂತ್ಯ ಹಿಡಿಯಿತು.

ಬೆಸುಗೆಯ ಸುತ್ತ ಮಾತ್ರ ಮತ್ತೆ ಮತ್ತೆ ಕಲೆ ಬರುತ್ತಿದ್ದರೆ ಅದು ತೊಳೆಯುವುದರಿಂದ ಪೂರ್ತಿ ಹೋಗುವುದಿಲ್ಲ. ಬೆಸುಗೆಯ ಬಿಸಿಗೆ ಆ ಜಾಗದ ಮೇಲ್ಮೈಯಲ್ಲಿ ಕ್ರೋಮಿಯಂ ಕಡಿಮೆಯಾಗಿರುತ್ತದೆ. ಅದನ್ನು ಆಮ್ಲದಿಂದ ಶುದ್ಧ ಮಾಡಿ ಪದರ ಮತ್ತೆ ಬೆಳೆಯುವಂತೆ ಮಾಡುವ ಕೆಲಸಕ್ಕೆ ಪ್ಯಾಸಿವೇಶನ್ ಎನ್ನುತ್ತಾರೆ. ಇದಕ್ಕೆ ಎಎಸ್‌ಟಿಎಂ ಎ380, ಎ967 ಎಂಬ ಮಾನದಂಡಗಳಿವೆ. ಕೆಲಸದವರನ್ನು ಕರೆದಾಗ ಈ ಹೆಸರು ಹೇಳಿ. ಗೊತ್ತಿರುವವರು ಕೂಡಲೇ ಅರ್ಥ ಮಾಡಿಕೊಳ್ಳುತ್ತಾರೆ. ಮನೆಯಲ್ಲಿ ಮಾಡುವ ಕೆಲಸ ಇದಲ್ಲ.

ಮಾಡಬಾರದ್ದು

* ಸ್ಟೀಲ್ ನಾರು, ಕಬ್ಬಿಣದ ಬ್ರಷ್ ಬೇಡವೇ ಬೇಡ.

* ಹುಣಸೆಹಣ್ಣು, ಉಪ್ಪು ಹಚ್ಚಿ ಉಜ್ಜುವುದು ಹಿತ್ತಾಳೆಯ ದೀಪಕ್ಕೆ ಸರಿ, ಸ್ಟೀಲಿಗೆ ಬೇಡ. ಉಪ್ಪನ್ನು ತೆಗೆಯಲು ಹೋಗಿ ಉಪ್ಪನ್ನೇ ಹಚ್ಚಿದ ಹಾಗಾಗುತ್ತದೆ.

* ಬ್ಲೀಚ್ ಬೇಡ. ಡೆಕ್ಕಿನ ಪಾಚಿ ತೆಗೆಯಲು ಬ್ಲೀಚ್ ಸಿಂಪಡಿಸುವಾಗ ಅದು ಕಂಬದ ಬುಡಕ್ಕೆ ಸಿಡಿಯುತ್ತದೆ. ಸಿಡಿದರೆ ಕೂಡಲೇ ತೊಳೆಯಿರಿ. ಬ್ಲೀಚನ್ನು ಯಾವುದೇ ಆಮ್ಲದ ಕ್ಲೀನರ್ ಜೊತೆಗೆ, ವಿನೆಗರ್ ಜೊತೆಗೂ, ಬೆರೆಸಬೇಡಿ. ವಿಷವಾದ ಕ್ಲೋರಿನ್ ಅನಿಲ ಬರುತ್ತದೆ.

* ಟೈಲ್ಸ್, ಕಾಂಕ್ರೀಟ್ ತೊಳೆಯಲು ಕೆಲಸದವರು ಮ್ಯುರಿಯಾಟಿಕ್ ಆಸಿಡ್ ಬಳಸುತ್ತಾರೆ. ಅದು ಹೈಡ್ರೋಕ್ಲೋರಿಕ್ ಆಮ್ಲ. ಅದರ ಹೊಗೆಯೇ ಸ್ಟೀಲನ್ನು ಕೆಡಿಸುತ್ತದೆ. ರೇಲಿಂಗ್ ಹತ್ತಿರ ಬಳಸದಂತೆ ಮೊದಲೇ ಹೇಳಿ.

* ಹೊಳಪಿಗೆಂದು ಕೈಪಿಡಿಗೆ ಎಣ್ಣೆ ಹಚ್ಚಬೇಡಿ. ಮೆಟ್ಟಿಲು ಇಳಿಯುವಾಗ ವಯಸ್ಸಾದವರ ಕೈ ಜಾರುತ್ತದೆ. ಊರಿನಿಂದ ಅಪ್ಪ ಅಮ್ಮ ಬಂದಿರುವಾಗ ಇದು ನೆನಪಿರಲಿ.

* ಈಜುಕೊಳದಿಂದ ಬಂದ ಒದ್ದೆ ಬಟ್ಟೆಯನ್ನು ರೇಲಿಂಗ್ ಮೇಲೆ ಹರವಬೇಡಿ. ಉಪ್ಪು ಹಾಕಿದ ಮಜ್ಜಿಗೆ ಮೆಣಸಿನಕಾಯಿ, ಸಂಡಿಗೆ ಒಣಗಿಸುವುದಿದ್ದರೆ ಬೇರೆ ಜಾಗ ನೋಡಿ.

* ದೀಪಾವಳಿಗೆ ಸೀರಿಯಲ್ ಸೆಟ್ ಕಟ್ಟಲು, ಯುಗಾದಿಗೆ ತೋರಣ ಕಟ್ಟಲು ಕಬ್ಬಿಣದ ತಂತಿ ಬೇಡ. ದಾರ ಅಥವಾ ಪ್ಲಾಸ್ಟಿಕ್ ಪಟ್ಟಿ ಬಳಸಿ, ಹಬ್ಬ ಮುಗಿದ ಮೇಲೆ ಬಿಚ್ಚಿ.

ಕಾಡ್ಗಿಚ್ಚಿನ ಬೂದಿಯ ಬಗ್ಗೆಯೂ ಒಂದು ಮಾತು. 2020ರ ಸೆಪ್ಟೆಂಬರ್ 9ರಂದು ಇಲ್ಲಿನ ಆಕಾಶ ಕಿತ್ತಳೆ ಬಣ್ಣಕ್ಕೆ ತಿರುಗಿದ್ದನ್ನು ಯಾರೂ ಮರೆತಿರಲಾರರು. ಅಂತಹ ದಿನಗಳ ನಂತರ ರೇಲಿಂಗ್ ಮೇಲೆ ಕೂತ ಬೂದಿ ಮಂಜಿನಲ್ಲಿ ನೆನೆಯುವ ಮೊದಲು ತೊಳೆದುಬಿಡಿ. ಮಾಸ್ಕ್ ಹಾಕಿಕೊಳ್ಳಿ.

ಕೇಬಲ್ ರೇಲಿಂಗ್ ಇರುವವರಿಗೆ

ನೋಟ ತಡೆಯುವುದಿಲ್ಲ ಎಂದು ಬೆಟ್ಟದ ಮೇಲಿನ ಮನೆಗಳಲ್ಲಿ ಅಡ್ಡಡ್ಡ ತಂತಿಯ ರೇಲಿಂಗ್ ಹಾಕಿಸುತ್ತಾರೆ. ತಂತಿ ಎಂದರೆ ಹಲವು ಎಳೆಗಳನ್ನು ಹೊಸೆದದ್ದು, ಎಳೆಗಳ ನಡುವೆ ಉಪ್ಪು ಕೂರುತ್ತದೆ. ಒದ್ದೆ ಬಟ್ಟೆಯನ್ನು ತಂತಿಯ ಸುತ್ತ ಹಿಡಿದು ಒಂದು ತುದಿಯಿಂದ ಇನ್ನೊಂದು ತುದಿಗೆ ಎಳೆಯಿರಿ. ತುದಿಯ ಫಿಟ್ಟಿಂಗ್‌ಗಳಿಗೆ ಚೆನ್ನಾಗಿ ನೀರು ಹಾಕಿ.

ಕಾಲ ಕಳೆದಂತೆ ತಂತಿ ಸಡಿಲವಾಗುತ್ತದೆ. 4 ಇಂಚಿನ ಚೆಂಡು ರೇಲಿಂಗಿನ ಸಂದಿನಲ್ಲಿ ತೂರಬಾರದು ಎಂಬುದು ಇಲ್ಲಿನ ಕಟ್ಟಡ ನಿಯಮ. ಮಗುವಿನ ತಲೆ ತೂರಬಾರದು ಎಂಬುದೇ ಅದರ ಉದ್ದೇಶ. ಎರಡು ತಂತಿಗಳನ್ನು ಕೈಯಿಂದ ಅಗಲಿಸಿ ನೋಡಿ, ಸುಲಭವಾಗಿ 4 ಇಂಚು ತೆರೆದುಕೊಂಡರೆ ಬಿಗಿ ಮಾಡಿಸಿ. ಅಡ್ಡ ತಂತಿ ಮಕ್ಕಳಿಗೆ ಏಣಿಯಂತೆ. ಅದರ ಪಕ್ಕ ಕುರ್ಚಿ, ಹೂವಿನ ಕುಂಡ ಇಡಬೇಡಿ.

ಕಲೆಯಲ್ಲ, ಬುಡ ನೋಡಿ

ಈಗ ನಮ್ಮ ಮನೆಯ ಉಳಿದ ಕಥೆ. ಬ್ರಷ್ ಹಿಡಿದು ಮೂಲೆಯ ಕಂಬದ ಬುಡ ಉಜ್ಜುತ್ತಿದ್ದಾಗ ಕಂಬ ಕೈಗೆ ಸ್ವಲ್ಪ ಅಲುಗಿದ ಹಾಗಾಯಿತು. ತಟ್ಟೆಯ ಅಂಚಿನಿಂದ ತುಕ್ಕಿನ ನೀರು ಒಂದೇ ಗೆರೆಯಾಗಿ ಇಳಿದಿತ್ತು. ಸ್ಕ್ರೂ ಬಿಚ್ಚಲು ಹೋದರೆ ತಲೆ ಕಿತ್ತುಕೊಂಡು ಬಂತು. ಹೊಳೆಯುವ ಸ್ಟೀಲ್ ಕಂಬವನ್ನು ಮರಕ್ಕೆ ಹಿಡಿದಿದ್ದವು ಸಾದಾ ಕಬ್ಬಿಣದ ಸ್ಕ್ರೂಗಳು. ಒಳಗೆ ಅರ್ಧಕ್ಕಿಂತ ಹೆಚ್ಚು ಕರಗಿಹೋಗಿದ್ದವು. ಡೆಕ್ಕಿನಿಂದ ಕೆಳಗೆ ಹತ್ತು ಅಡಿ. ಅದರ ಹಿಂದಿನ ದಿನವೇ ನಮ್ಮ ನಾಲ್ಕು ವರ್ಷದ ಮಗಳು ಅದೇ ಮೂಲೆಗೆ ಒರಗಿ ಹಮ್ಮಿಂಗ್‌ಬರ್ಡ್ ನೋಡುತ್ತಿದ್ದಳು. ಆ ರಾತ್ರಿ ನಮಗೆ ನಿದ್ದೆ ಬರಲಿಲ್ಲ. ಅಷ್ಟು ದಿನ ನಾವು ಚಿಂತೆ ಮಾಡಿದ್ದೆಲ್ಲ ನೆಂಟರಿಗೆ ಕಾಣುವ ಕಲೆಯ ಬಗ್ಗೆ!

ಹೀಗಾಗಲು ಕಾರಣ ಇದೆ. ಬೇರೆ ಬೇರೆ ಎರಡು ಲೋಹ ಒಂದನ್ನೊಂದು ಮುಟ್ಟಿಕೊಂಡು ಉಪ್ಪುನೀರಿನಲ್ಲಿ ನೆನೆದರೆ ಸಣ್ಣ ಬ್ಯಾಟರಿಯಾಗುತ್ತದೆ. ಸ್ಟೇನ್‌ಲೆಸ್ ಉಳಿಯುತ್ತದೆ, ಸಾದಾ ಕಬ್ಬಿಣ ಅಥವಾ ಸತು ಲೇಪನ ಕರಗುತ್ತದೆ. ಸ್ಟೀಲಿನ ಭಾಗ ದೊಡ್ಡದಾಗಿ ಸ್ಕ್ರೂ ಚಿಕ್ಕದಾದಷ್ಟೂ ಸ್ಕ್ರೂ ಬೇಗ ಹೋಗುತ್ತದೆ. ಜೊತೆಗೆ ಮನೆಗಳಿಗೆ ಬಳಸುವ ಸಂಸ್ಕರಿಸಿದ ಮರದಲ್ಲಿ 2004ರಿಂದ ಈಚೆಗೆ ಹಳೆಯ ಆರ್ಸೆನಿಕ್ ಬದಲು ತಾಮ್ರದ ಅಂಶ ಹೆಚ್ಚಿರುವ ರಾಸಾಯನಿಕ ಬಂದಿದೆ. ಒದ್ದೆಯಾದಾಗ ಆ ತಾಮ್ರ ಸಾದಾ ಸ್ಕ್ರೂಗಳನ್ನು ತಿನ್ನುತ್ತದೆ. ಆದ್ದರಿಂದ ಸ್ಟೇನ್‌ಲೆಸ್ ರೇಲಿಂಗಿಗೆ ಸ್ಟೇನ್‌ಲೆಸ್ ಸ್ಕ್ರೂಗಳೇ ಆಗಬೇಕು.

ಕಲೆಯನ್ನು ಹೀಗೆ ಓದಬಹುದು. ಮೇಲ್ಮೈ ತುಂಬ ತೆಳುವಾಗಿ ಹರಡಿದ ಕಂದು ಬಣ್ಣ ಬಹುಮಟ್ಟಿಗೆ ನೋಟದ ತೊಂದರೆ ಮಾತ್ರ. ಒಂದೇ ಜಾಗದಿಂದ, ಅಂದರೆ ಸ್ಕ್ರೂ ತಲೆಯಿಂದಲೋ ತಟ್ಟೆಯ ಅಂಚಿನಿಂದಲೋ, ಇಳಿದು ಬರುವ ತುಕ್ಕಿನ ಗೆರೆ ಎಚ್ಚರಿಕೆಯ ಗಂಟೆ. ಅದನ್ನು ಒರೆಸಿ ಸುಮ್ಮನಾಗಬೇಡಿ.

ಸ್ಟೇನ್‌ಲೆಸ್ ಸ್ಟೀಲೇ ಮುರಿದ ಉದಾಹರಣೆಯೂ ಇದೆ. ಸ್ವಿಟ್ಜರ್ಲೆಂಡಿನ ಊಸ್ಟರ್ ಎಂಬಲ್ಲಿ 1985ರ ಮೇ 9ರಂದು ಒಳಾಂಗಣ ಈಜುಕೊಳದ ಕಾಂಕ್ರೀಟ್ ಒಳಚಾವಣಿ ಕುಸಿದು 12 ಜನ ಸತ್ತರು. ಚಾವಣಿಯನ್ನು ಹಿಡಿದಿದ್ದು ಸ್ಟೇನ್‌ಲೆಸ್ ಸ್ಟೀಲ್ ಸರಳುಗಳು. ಕೊಳದ ಗಾಳಿಯ ಕ್ಲೋರೈಡ್ ಅವುಗಳ ಮೇಲೆ ಸೇರಿ, ಭಾರದ ಎಳೆತವೂ ಸೇರಿ, ಬಿರುಕು ಬಿಟ್ಟಿದ್ದವು. ನಮ್ಮ ಡೆಕ್ಕಿನಲ್ಲಿ ಅಂತಹ ಪರಿಸ್ಥಿತಿ ಇಲ್ಲ. ಆದರೆ ಸ್ಟೇನ್‌ಲೆಸ್ ಎಂದರೆ ನೋಡಬೇಕಾಗಿಲ್ಲ ಎಂದಲ್ಲ ಎನ್ನುವುದಕ್ಕೆ ಇದು ಸಾಕು. ಮನೆಯೊಳಗೆ ಈಜುಕೊಳ ಇರುವ ಕಟ್ಟಡದಲ್ಲಿ ವಾಸಿಸುವವರು ಮ್ಯಾನೇಜ್‌ಮೆಂಟಿನವರನ್ನು ಕೇಳಬಹುದಾದ ಪ್ರಶ್ನೆಯೂ ಹೌದು.

ಸ್ಟೀಲ್ ಮಾತ್ರ ಗಟ್ಟಿ ಇದ್ದರೆ ಸಾಲದು, ಅದು ನಿಂತ ನೆಲವೂ ಗಟ್ಟಿ ಇರಬೇಕು. 2015ರ ಜೂನ್ 16ರಂದು ನಮ್ಮ ಬರ್ಕ್ಲಿಯಲ್ಲೇ ಅಪಾರ್ಟ್‌ಮೆಂಟ್ ಒಂದರ ಬಾಲ್ಕನಿ ಕಳಚಿ ಆರು ಜನ ವಿದ್ಯಾರ್ಥಿ ವಯಸ್ಸಿನವರು ಸತ್ತರು, ಏಳು ಜನ ಗಾಯಗೊಂಡರು. ಹುಟ್ಟುಹಬ್ಬಕ್ಕೆ ಸೇರಿದ್ದರು. ನೀರು ಇಳಿದು ಒಳಗಿನ ಮರದ ತೊಲೆಗಳು ಕೊಳೆತಿದ್ದವು. ಹೊರಗಿನಿಂದ ನೋಡಿದವರಿಗೆ ಅದು ತಿಳಿಯುವಂತಿರಲಿಲ್ಲ.

ಕಾನೂನು ಏನು ಹೇಳುತ್ತದೆ?

ಬರ್ಕ್ಲಿಯ ದುರಂತದ ನಂತರ ಕ್ಯಾಲಿಫೋರ್ನಿಯಾ ಎರಡು ಕಾನೂನು ಮಾಡಿತು. ಎರಡೂ ಮರದ ಆಧಾರದ, ನೆಲದಿಂದ 6 ಅಡಿಗಿಂತ ಎತ್ತರದ ಬಾಲ್ಕನಿ, ಡೆಕ್, ಮೆಟ್ಟಿಲು ಮತ್ತು ಅವುಗಳ ರೇಲಿಂಗಿಗೆ ಸಂಬಂಧಿಸಿದವು.

* ಎಸ್‌ಬಿ 721 (2018): ಮೂರು ಅಥವಾ ಹೆಚ್ಚು ಮನೆಗಳಿರುವ ಬಾಡಿಗೆ ಕಟ್ಟಡಗಳಿಗೆ. ಮೊದಲ ತಪಾಸಣೆಯ ಗಡುವನ್ನು 2026ರ ಜನವರಿ 1ಕ್ಕೆ ಮುಂದೂಡಲಾಗಿತ್ತು. ಆಮೇಲೆ 6 ವರ್ಷಕ್ಕೊಮ್ಮೆ.

* ಎಸ್‌ಬಿ 326 (2019): ಮೂರು ಅಥವಾ ಹೆಚ್ಚು ಮನೆಗಳಿರುವ ಕಾಂಡೋ ಕಟ್ಟಡಗಳ ಎಚ್‌ಒಎಗಳಿಗೆ. ಮೊದಲ ಗಡುವು 2025ರ ಜನವರಿ 1 ಆಗಿತ್ತು. ಆಮೇಲೆ 9 ವರ್ಷಕ್ಕೊಮ್ಮೆ.

ನೀವು ಬಾಡಿಗೆಗೆ ಅಥವಾ ಕಾಂಡೋದಲ್ಲಿ ಇದ್ದರೆ ತಪಾಸಣೆ ಆಗಿದೆಯೇ ಎಂದು ಬರಹದಲ್ಲಿ ಕೇಳಿ. ಕೇಳಲು ಸಂಕೋಚ ಬೇಡ. ಸ್ವಂತ ಬಿಡಿ ಮನೆಯವರಿಗೆ ಈ ಕಾನೂನುಗಳು ಅನ್ವಯಿಸುವುದಿಲ್ಲ. ಅಂದರೆ ಯಾರೂ ಬಂದು ನೋಡುವುದಿಲ್ಲ, ನಾವೇ ನೋಡಿಕೊಳ್ಳಬೇಕು.

ಹೊಸದಾಗಿ ಹಾಕಿಸುವವರಿಗೆ: ಡೆಕ್ 30 ಇಂಚಿಗಿಂತ ಎತ್ತರವಿದ್ದರೆ ರೇಲಿಂಗ್ ಕಡ್ಡಾಯ. ಇಲ್ಲಿನ ನಿಯಮದಂತೆ ಎತ್ತರ ಕನಿಷ್ಠ 42 ಇಂಚು. ಮೇಲಿನ ಕಂಬಿ 200 ಪೌಂಡಿನ ಒತ್ತಡ ತಡೆಯಬೇಕು. ಹಳೆಯ ಮನೆಗಳಲ್ಲಿ 36 ಇಂಚಿನ ರೇಲಿಂಗ್ ಕಾಣಸಿಗುತ್ತದೆ.

ತೊಳೆಯುವ ದಿನವೇ ತಪಾಸಣೆಯ ದಿನ

ತೊಳೆಯುವಾಗ ನಮ್ಮ ಕೈ ಪ್ರತಿ ಕಂಬವನ್ನೂ ಮುಟ್ಟುತ್ತದೆ. ತಪಾಸಣೆಗೆ ಇದಕ್ಕಿಂತ ಒಳ್ಳೆಯ ಸಮಯ ಇಲ್ಲ. ಹೀಗೆ ಮಾಡಿ:

1. ಡೆಕ್ಕಿನ ಒಳಗಡೆ ಗಟ್ಟಿಯಾಗಿ ನಿಂತು, ಪ್ರತಿ ಕಂಬದ ಮೇಲ್ಭಾಗ ಹಿಡಿದು ಮೆಲ್ಲಗೆ ತಳ್ಳಿ, ಎಳೆಯಿರಿ. ಮೈಭಾರ ಹೊರಗೆ ಹಾಕಬೇಡಿ. ಬುಡ ಅಲುಗಬಾರದು.

2. ಬುಡದ ತಟ್ಟೆಯ ಸುತ್ತ ತುಕ್ಕಿನ ಗೆರೆ, ನಿಂತ ನೀರು ಇದೆಯೇ ನೋಡಿ.

3. ಸ್ಕ್ರೂಗಳು ಎಲ್ಲವೂ ಇವೆಯೇ, ಒಂದೇ ಬಣ್ಣದವೇ ನೋಡಿ. ಒಂದು ಮಾತ್ರ ಕೆಂಪಾಗಿದ್ದರೆ ಅದು ಬೇರೆ ಲೋಹ.

4. ಬುಡದ ಮರವನ್ನು ಸ್ಕ್ರೂಡ್ರೈವರ್ ತುದಿಯಿಂದ ಚುಚ್ಚಿ. ಮೆತ್ತಗೆ ಒಳಗೆ ಹೋದರೆ ಮರ ಕೊಳೆತಿದೆ.

5. ಬಾಲ್ಕನಿಯ ಕೆಳಭಾಗವನ್ನು ನೋಡಿ. ನೀರಿನ ಕಲೆ, ಬಿರುಕು, ಅಣಬೆ ಕಂಡರೆ ಅಲ್ಲಿ ಜನ ಸೇರಿಸಬೇಡಿ, ತಿಳಿದವರನ್ನು ಕರೆಸಿ.

ಯಾವುದಾದರೂ ಕಂಬ ಅಲುಗಿದರೆ ರಿಪೇರಿ ಆಗುವ ತನಕ ಆ ಬಾಗಿಲಿಗೆ ಬೀಗ ಹಾಕಿ. ನಾವು ಹಾಗೆಯೇ ಮಾಡಿದೆವು. ಕೆಲಸದವರು ಮೊದಲು ರೇಲಿಂಗ್ ಪೂರ್ತಿ ಬದಲಾಯಿಸಬೇಕು ಎಂದರು. ಇನ್ನೊಬ್ಬರನ್ನು ಕೇಳಿದಾಗ ಸ್ಟೀಲ್ ಚೆನ್ನಾಗಿದೆ, ಬುಡದ ಮರದ ತುಂಡು ಮತ್ತು ಸ್ಕ್ರೂ ಬದಲಾಯಿಸಿದರೆ ಸಾಕು ಎಂದರು. 316 ದರ್ಜೆಯ ಸ್ಕ್ರೂ ಹಾಕಿಸಿದೆವು. ಎರಡು ಅಭಿಪ್ರಾಯ ಕೇಳುವುದು ಒಳ್ಳೆಯದು.

ಹಬ್ಬದ ಕ್ಯಾಲೆಂಡರ್

ನೆನಪಿಟ್ಟುಕೊಳ್ಳಲು ಸುಲಭವಾಗಲಿ ಎಂದು ನಾವು ಹಬ್ಬಗಳಿಗೆ ಹೊಂದಿಸಿಕೊಂಡಿದ್ದೇವೆ.

* ಯುಗಾದಿ: ಮಳೆಗಾಲ ಮುಗಿಯುವ ಹೊತ್ತು. ಸೋಪಿನ ತೊಳೆತ, ಪೂರ್ತಿ ತಪಾಸಣೆ. ಮರ ನೀರು ಕುಡಿದಿದ್ದರೆ ಈಗ ತಿಳಿಯುತ್ತದೆ.

* ಮೇಯಿಂದ ಅಕ್ಟೋಬರ್: ತೀರದ ಊರಿನವರು ತಿಂಗಳಿಗೊಮ್ಮೆ ಬರಿಯ ನೀರಿನಿಂದ ತೊಳೆದು ಒರೆಸಿ.

* ಗಣೇಶನ ಹಬ್ಬ: ತೀರದವರಿಗೆ ಇನ್ನೊಂದು ಸೋಪಿನ ತೊಳೆತ.

* ದೀಪಾವಳಿ: ಎಲ್ಲರಿಗೂ ಸೋಪಿನ ತೊಳೆತ, ತಪಾಸಣೆ. ಮನೆ ತುಂಬ ಜನ ಸೇರುವ ಮೊದಲು ಮುಗಿಸಿ.

ಒಳನಾಡಿನವರಿಗೆ ಯುಗಾದಿ, ದೀಪಾವಳಿ ಎರಡೇ ಸಾಕು.

ನಮ್ಮ ಸ್ವರ್ಣ ಸೇತುವೆ, ಅದೇ ಗೋಲ್ಡನ್ ಗೇಟ್, 1937ರಿಂದ ಇದೇ ಉಪ್ಪು ಮಂಜಿನಲ್ಲಿ ನಿಂತಿದೆ. ಅದರ ಉಕ್ಕಿಗೆ ಬಣ್ಣ ಹೊಡೆಯುವವರ ಕೆಲಸ ಮುಗಿಯುವುದೇ ಇಲ್ಲ. ಜೀವ ಉಳಿಸಲೆಂದು ಸೇತುವೆಯ ಎರಡೂ ಬದಿಗೆ 2024ರ ಜನವರಿಯಲ್ಲಿ ಪೂರ್ತಿಯಾದ ಬಲೆಯನ್ನು ಸಮುದ್ರಕ್ಕೆ ತಕ್ಕ ದರ್ಜೆಯ ಸ್ಟೇನ್‌ಲೆಸ್ ಸ್ಟೀಲಿನಿಂದಲೇ ಮಾಡಿದ್ದಾರೆ. ಅಷ್ಟು ದೊಡ್ಡದಕ್ಕೂ ನೋಡಿಕೊಳ್ಳುವವರು ಬೇಕು. ನಮ್ಮದು ಒಂದು ಸಣ್ಣ ಡೆಕ್. ಎರಡು ಬಕೆಟ್ ನೀರು, ಒಂದು ಶನಿವಾರ ಬೆಳಿಗ್ಗೆ ಸಾಕು.

ಈ ವಾರಾಂತ್ಯ ಕಾಫಿ ಲೋಟ ಕೆಳಗಿಟ್ಟು ಒಮ್ಮೆ ಹೊರಗೆ ಹೋಗಿ, ಪ್ರತಿ ಕಂಬವನ್ನೂ ಮುಟ್ಟಿ ನೋಡಿ. ಅಲುಗಿದರೆ ತಡ ಮಾಡಬೇಡಿ. ನಿಮ್ಮ ಅನುಭವಗಳನ್ನು, ನೀವು ಕಂಡುಕೊಂಡ ಉಪಾಯಗಳನ್ನು ನಮಗೂ ತಿಳಿಸಿ, ಎಲ್ಲರಿಗೂ ಉಪಯೋಗವಾಗಲಿ.

ಸಿರಿಗನ್ನಡಂ ಗೆಲ್ಗೆ!